ಪದಚರ್ಚೆ: ಹಾಸ್ಟೆಲು, ಆಶ್ರಮಗಳಲ್ಲಿ ದೌರ್ಜನ್ಯಕ್ಕೆ ಒಳಗಾಗಿ ಬೆಳೆದವರನ್ನು ಏನಂತ ಕರೆಯೋಣ?

ಗೆಳೆಯರೇ, ಒಂದು ಪದ ಬೇಕಾಗಿದೆ. ಚಿಕ್ಕವರಿದ್ದಾಗ ಹಾಸ್ಟೆಲು, ಅನಾಥಾಶ್ರಮ, ವಸತಿ ಶಾಲೆಗಳಲ್ಲಿ ಲೈಂಗಿಕ ದೌರ್ಜನ್ಯಕ್ಕೆ ಒಳಗಾಗಿ ಈಗ ದೊಡ್ಡವರಾಗಿರುವವರಿಗಾಗಿ ಧಾರವಾಡದಲ್ಲಿ ನಾವು ಕೆಲವರು ಕರಪತ್ರ ಬರೆಯುತ್ತಿದ್ದೇವೆ. ದೂರು ಕೊಡುವುದಿರಲಿ, ಸುಮ್ನೆ ಒಬ್ಬರ ಮುಂದೆ ಹೇಳಿಕೊಳ್ಳುವುದಿರಲಿ, ಜೊತೆಗೆ ನಿಲ್ಲುತ್ತೇವೆ ಅಂತ ತಿಳಿಸಬೇಕು. ಹೇಳಿಕೊಳ್ಳಲು ತಡವಾಗುವುದು ಸಹಜ. ಆಸ್ಟ್ರೇಲಿಯಾದಲ್ಲಿ 2013ರಿಂದ 2017ರವರೆಗೆ ಇಂಥವರ ಮಾತು ಕೇಳಿದ ರಾಯಲ್ ಕಮಿಷನ್ (ಸರ್ಕಾರ ನೇಮಿಸಿದ ವಿಚಾರಣಾ ಆಯೋಗ), ಬಾಯಿಬಿಡಲು ಸರಾಸರಿ 24 ವರ್ಷದ ಹತ್ತಿರ ಹಿಡಿದಿದೆ ಅಂತ ವರದಿ ಮಾಡಿತು. ಅಲ್ಲಿನವರು ‘ಸರ್ವೈವರ್’ ಅಂತಾರೆ. ನಮ್ಮಲ್ಲಿ?

ಪತ್ರಿಕೆಗಳು ‘ಸಂತ್ರಸ್ತೆ’ ಅನ್ನುತ್ತವೆ. ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ಕಾಪಾಡುವ ಪೋಕ್ಸೋ ಕಾಯ್ದೆ ಹೆಣ್ಣು ಗಂಡು ಅಂತ ಭೇದ ಮಾಡುವುದಿಲ್ಲ, ಆದರೆ ಈ ಪದ ಓದಿದ ಗಂಡಸು ಇದು ತನಗಲ್ಲ ಅಂತ ಕರಪತ್ರ ಮಡಚಿಡುತ್ತಾನೆ. ‘ಸಂತ್ರಸ್ತರು’ ಅಂತ ಬರೆದರೆ ಈ ಕಡೆ ಮಲಪ್ರಭೆಯ ನೆರೆ, ಪರಿಹಾರದ ಪಟ್ಟಿ ನೆನಪಾಗುತ್ತದೆ. ‘ಬಲಿಪಶು’ ಬೇಡವೇ ಬೇಡ. ‘ಬದುಕುಳಿದವರು’ ಬಸ್ಸು ಅಪಘಾತದ ಸುದ್ದಿಯ ಪದ. ‘ನೊಂದವರು’ ಅಂದರೆ ಕರುಣೆ ಜಾಸ್ತಿಯಾಗಿ, ಅಲ್ಲೊಂದು ಅಪರಾಧ ನಡೆದಿದೆ ಅನ್ನೋದೇ ಮರೆಯಾಗುತ್ತದೆ, ಅಲ್ವಾ?

ಇನ್ನೊಂದು ಮಾತು, ನನಗೆ ಇದೇ ಮುಖ್ಯ. ‘ಸಂತ್ರಸ್ತ’ ಮತ್ತು ನಮ್ಮ ‘ತ್ರಾಸು’ ಒಂದೇ ಸಂಸ್ಕೃತ ಧಾತುವಿನವು, ಮೂಲದಲ್ಲಿ ಹೆದರಿಕೆ ಅಂತ. ಈ ಭಾಗದಲ್ಲಿ ಬಸ್ಸು ಸಿಗದಿದ್ದರೂ ತ್ರಾಸು, ಮೊಣಕಾಲು ನೋವಿಗೂ ತ್ರಾಸು. ಹಾಗಾಗಿ ಒಬ್ಬರು ‘ವಾರ್ಡನ್ ಭಾಳ ತ್ರಾಸ ಕೊಡತಿದ್ದ’ ಅಂತ ಹೇಳಿ ಸುಮ್ಮನಾದರೆ, ಕೇಳುವವರು ಹೊಡೆತ ಬೈಗುಳ ಅಂದುಕೊಂಡು ಮುಂದಿನ ಪ್ರಶ್ನೆಗೆ ಹೋಗಿಬಿಡುತ್ತಾರೆ. ಅಲ್ಲೇ ನಿಂತು ‘ಎಂಥಾ ತ್ರಾಸು?’ ಅಂತ ಮೆಲ್ಲಗೆ ಕೇಳಬೇಕು. ಬರೆದುಕೊಳ್ಳುವಾಗ ಅವರ ಮಾತನ್ನು ತಿದ್ದಿ ‘ಕಿರುಕುಳ’ ಮಾಡಬಾರದು. ಮಗು ಹೇಳಿದ್ದನ್ನು ಹೇಳಿದಂತೆಯೇ ದಾಖಲಿಸಬೇಕು ಅಂತ ಪೋಕ್ಸೋದ 26ನೇ ಕಲಂ ಹೇಳುತ್ತದೆ. ಆ ಕಾಯ್ದೆ ಜಾರಿಗೆ ಬಂದದ್ದು 2012ರ ನವೆಂಬರ್ 14ಕ್ಕೆ. ಅದಕ್ಕೂ ಮೊದಲಿನ ಘಟನೆಗಳು ಹಳೆಯ ದಂಡ ಸಂಹಿತೆಯ ಕೆಳಗೆ ಬರುತ್ತವೆ. ಆದರೂ ದೊಡ್ಡವರ ಮಾತಿಗೂ ಅದೇ ಮರ್ಯಾದೆ ಸಿಗಬೇಕು.

ಸದ್ಯಕ್ಕೆ ‘ಚಿಕ್ಕಂದಿನಲ್ಲಿ ಹಾಸ್ಟೆಲು, ಆಶ್ರಮಗಳಲ್ಲಿ ದೌರ್ಜನ್ಯ ಎದುರಿಸಿದವರು’ ಅಂತ ಬರೆದಿದ್ದೇವೆ. ಉದ್ದವಾಯಿತು, ಇರಲಿ. ಯಾರಿಗೂ ಹಣೆಪಟ್ಟಿ ಹಚ್ಚುವುದಿಲ್ಲ, ನಡೆದದ್ದು ಎಲ್ಲಿ ಅನ್ನುವುದೂ ಅದರಲ್ಲೇ ಇದೆ. ಗದಗ, ಹಾವೇರಿ ಕಡೆಯವರು ಹೇಳಿ: ಹಳ್ಳಿಯಲ್ಲಿ ‘ದೌರ್ಜನ್ಯ’ ಅಂದರೆ ಜಾತಿ ದೌರ್ಜನ್ಯದ ಕೇಸು ಅಂತಲೇ ಕೇಳಿಸುತ್ತದೆಯೇ? ಹಾಗಿದ್ದರೆ ಅದರ ಜಾಗದಲ್ಲಿ ಏನು ಹಾಕೋಣ? ಮತ್ತೆ, ಠಾಣೆ ಕೋರ್ಟಿಗೆ ಜೊತೆಗೆ ಬರುವವರನ್ನು ಸರ್ಕಾರಿ ಮಾತಿನಲ್ಲಿ ‘ಬೆಂಬಲ ವ್ಯಕ್ತಿ’ ಅನ್ನದೆ ‘ಬೆನ್ನಿಗೆ ನಿಲ್ಲುವವರು’ ಅಂದರೆ ನಿಮ್ಮ ಕಡೆ ಸರಿ ಅನ್ನಿಸುತ್ತದೆಯೇ?