ಚಿತ್ರದ ಜೊತೆ ಹೋಗದ ಸದ್ದಿಗೆ ಏನಂತೀರಿ?

ಎಲ್ಲರಿಗೂ ನಮಸ್ಕಾರ. ಮಡಿಕೇರಿಯಿಂದ ಒಂದು ಪದದ ಪೇಚು.

ನಾವು ನಾಲ್ಕೈದು ಗೆಳೆಯರು ಮನೆಯಲ್ಲೇ ಪ್ರಯೋಗದ ಸಿನಿಮಾ ಹಾಕಿಕೊಂಡು ನೋಡುತ್ತೇವೆ. ಅದಕ್ಕೆ ಕನ್ನಡದಲ್ಲಿ ಟಿಪ್ಪಣಿ ಬರೆಯುವ ಕೆಲಸ ನನ್ನ ತಲೆಗೆ ಬಂತು. ಮೊದಲ ಸಾಲಲ್ಲೇ ಎಡವಿದೆ. 'ಶಬ್ದ ಮತ್ತು ಚಿತ್ರ' ಅಂತ ಬರೆದೆ. ಓದಿದ ಮೇಷ್ಟ್ರೊಬ್ಬರು, 'ಇದೇನು, ಚಿತ್ರ ಇರೋ ನಿಘಂಟಾ?' ಅಂದರು. ಸರಿಯೇ. ಕೇಶಿರಾಜನ ಶಬ್ದಮಣಿದರ್ಪಣದಲ್ಲಿ ಶಬ್ದ ಅಂದರೆ ಪದ ಅಲ್ವಾ. ಹಾಗಾಗಿ 'ಸದ್ದು' ಅಂತ ತಿದ್ದಿದೆ. ಅದೂ ಶಬ್ದದ ತದ್ಭವವೇ, ಆದರೆ ಪದ ಅನ್ನೋ ಅರ್ಥವನ್ನು ದಾರಿಯಲ್ಲೇ ಬಿಟ್ಟು ಬಂದಿದೆ.

ನಿಜವಾದ ತೊಡಕು ಮುಂದಿದೆ. ಫಿಲ್ಮ್ ರೀಲಿನ ಅಂಚಿನಲ್ಲಿ ಸದ್ದಿಗೆಂದೇ ಒಂದು ಸಣ್ಣ ಪಟ್ಟಿ ಇರುತ್ತದೆ; ಅದರಲ್ಲಿರುವ ಆಕಾರಗಳೇ ಪ್ರೊಜೆಕ್ಟರಿನಲ್ಲಿ ಸದ್ದಾಗಿ ಕೇಳಿಸುತ್ತವೆ. ಅನಿಮೇಶನ್ ಚಿತ್ರಗಳ ನಾರ್ಮನ್ ಮೆಕ್‌ಲಾರೆನ್ 1971ರ 'ಸಿಂಕ್ರಮಿ' ಅನ್ನೋ ಕಿರುಚಿತ್ರದಲ್ಲಿ ಆ ಪಟ್ಟಿಯ ಆಕಾರಗಳನ್ನೇ ಬಣ್ಣ ಹಚ್ಚಿ ತೆರೆಗೆ ತಂದರು. ಕೇಳಿಸಿದ್ದೇ ಕಾಣುತ್ತದೆ. ಇದಕ್ಕೆ 'ತಾಳೆ' ಅಂದರೆ ಆಯ್ತು. ಲೆಕ್ಕ ತಾಳೆ ನೋಡ್ತೀವಲ್ಲ, ಹಾಗೆ.

ಇದಕ್ಕೆ ಉಲ್ಟಾ ಇನ್ನೊಂದಿದೆ. 1928ರಲ್ಲಿ, ಟಾಕಿ ಆಗಷ್ಟೇ ಬರುತ್ತಿದ್ದಾಗ, ಸೋವಿಯತ್ ನಿರ್ದೇಶಕರಾದ ಐಸೆನ್‌ಸ್ಟೈನ್, ಪುಡೋವ್‌ಕಿನ್, ಅಲೆಕ್ಸಾಂಡ್ರೊವ್ ಸೇರಿ ಒಂದು ಹೇಳಿಕೆ ಹೊರಡಿಸಿದ್ದರು. ಸದ್ದು ಚಿತ್ರದ ಬಾಲ ಆಗಬಾರದು, ಬೇಕೆಂದೇ ಅದಕ್ಕೆ ಹೊಂದದ ಹಾಗೆ ಇಟ್ಟು ನೋಡಬೇಕು ಅನ್ನೋದು ಅವರ ವಾದ.

ನಾನೂ ಮೊಬೈಲಲ್ಲಿ ಮಾಡಿ ನೋಡಿದೆ. ಕಣದಲ್ಲಿ ಹರಡಿದ ಕಾಫಿ, ಸುಡು ಬಿಸಿಲು. ಅದಕ್ಕೆ ಜುಲೈ ತಿಂಗಳಲ್ಲಿ ತಗಡಿನ ಮಾಡಿನ ಮೇಲೆ ಬಿದ್ದ ಮಳೆಯ ಸದ್ದು ಕೂಡಿಸಿದೆ. ಅಮ್ಮ ನೋಡಿದವರೇ, 'ಅಯ್ಯೋ, ಟಾರ್ಪಾಲು ಎಲ್ಲೋ?' ಅಂದರು. ತೆರೆಯಲ್ಲಿ ಒಂದು ಹನಿಯೂ ಇಲ್ಲ!

ಈ ಸದ್ದಿಗೆ ಏನು ಹೆಸರು? 'ಅಸಮಕಾಲಿಕ ಶಬ್ದ' ಅಂದರೆ ಪರೀಕ್ಷೆಗೆ ಕೂತ ಹಾಗಿರುತ್ತೆ, ಅದೂ ಅಲ್ಲದೆ ಇಲ್ಲಿ ಹೊತ್ತು ತಪ್ಪಿದ್ದು ಅಂತೇನಿಲ್ಲ. 'ತಾಳೆಯಾಗದ ಸದ್ದು' ಅಂದರೆ ಡಬ್ಬಿಂಗ್ ಕೆಟ್ಟಿದೆ ಅನ್ನಿಸುತ್ತೆ. 'ಮರೆಯ ಸದ್ದು' ಅಂದರೆ ಚೌಕಟ್ಟಿನ ಆಚೆ ಎಲ್ಲೋ ನಿಜವಾಗಿಯೂ ಮಳೆ ಸುರಿಯುತ್ತಿದೆ ಅಂತಾಗುತ್ತೆ. 'ಮಾರ್ದನಿ' ಎಷ್ಟು ಚೆನ್ನಾಗಿತ್ತು! ಆದರೆ ಅದನ್ನು ಬೆಟ್ಟಗುಡ್ಡಗಳು ಮೊದಲೇ ಹಿಡಿದುಕೊಂಡಿವೆ.

ಸದ್ಯಕ್ಕೆ 'ಇದಿರು ಸದ್ದು' ಅಂತ ಬರೆದಿಟ್ಟಿದ್ದೇನೆ. ಅರ್ಥ ಆಗುತ್ತಾ, ಇಲ್ಲ ಎದುರು ಮನೆಯ ಗಲಾಟೆ ಅನ್ನಿಸುತ್ತಾ? ಎಡಿಟಿಂಗ್, ಡಬ್ಬಿಂಗ್ ಕೆಲಸದಲ್ಲಿರುವವರು ಬಾಯಿಮಾತಲ್ಲಿ ಏನಂತೀರಿ, ಸ್ವಲ್ಪ ಹೇಳಿ.