ಚೆಕ್ ಬೌನ್ಸ್ ಕೇಸಲ್ಲಿ ಶಿಕ್ಷೆ ಆಗಿದೆ, ಅಪೀಲ್ ಎಲ್ಲಿ, ಹೇಗೆ?

ಪ್ರಶ್ನೆ: ನಮಸ್ಕಾರ ಮೇಡಂ. ನಮ್ಮಣ್ಣ ಚೀಟಿ ಎತ್ತುವಾಗ ಭದ್ರತೆಗೆ ಅಂತ ಸಹಿ ಹಾಕಿದ ಖಾಲಿ ಚೆಕ್ ಕೊಟ್ಟಿದ್ದ. ಚೀಟಿ ನಡೆಸೋರು ಅದರಲ್ಲಿ 4 ಲಕ್ಷ ಬರೆದುಕೊಂಡು, ಕೈಸಾಲ ಕೊಟ್ಟಿದ್ದೆ ಅಂತ ಕೇಸ್ ಹಾಕಿದರು. ಹೋದ ವಾರ ಜೆಎಂಎಫ್‌ಸಿ (ಮ್ಯಾಜಿಸ್ಟ್ರೇಟ್) ಕೋರ್ಟಲ್ಲಿ 4.10 ಲಕ್ಷ ದಂಡ, ಕಟ್ಟದಿದ್ದರೆ 6 ತಿಂಗಳು ಸಜೆ ಅಂತ ತೀರ್ಪಾಯ್ತು. ನೇರ ಹೈಕೋರ್ಟಿಗೆ ಹೋಗಬಹುದಾ? ಅಪೀಲ್ ಹಾಕಿದರೆ ದಂಡದ ಶೇ 20 ಕಟ್ಟಲೇಬೇಕಾ?

ಉತ್ತರ (ವಕೀಲರು): ಹೈಕೋರ್ಟ್ ಆಮೇಲೆ. ಮೊದಲ ಮೇಲ್ಮನವಿ ಸೆಷನ್ಸ್ ಕೋರ್ಟಿಗೆ, ಬಿಎನ್‌ಎಸ್‌ಎಸ್ (ಈಗಿನ ಕ್ರಿಮಿನಲ್ ಪ್ರಕ್ರಿಯಾ ಕಾನೂನು) ಕಲಂ 415ರಡಿ (ಹಳೇ ಸಿಆರ್‌ಪಿಸಿ 374). ತೀರ್ಪಿನ ದಿನದಿಂದ 30 ದಿನ. ದೃಢೀಕೃತ ನಕಲು ಪಡೆಯಲು ಹಿಡಿದ ದಿನಗಳನ್ನು ಕಳೀತಾರೆ. ಅಲ್ಲೂ ಸೋತರೆ ಹೈಕೋರ್ಟಲ್ಲಿ ರಿವಿಷನ್ (ಮರುಪರಿಶೀಲನೆ ಅರ್ಜಿ), 90 ದಿನದೊಳಗೆ.

ಅಪೀಲ್ ಹಾಕಿದ ಮಾತ್ರಕ್ಕೆ ಶಿಕ್ಷೆ ನಿಲ್ಲಲ್ಲ, ಇದನ್ನು ಅಣ್ಣನಿಗೆ ಬಿಡಿಸಿ ಹೇಳಿ. ತೀರ್ಪಿನ ದಿನ ಕೆಳಕೋರ್ಟ್ ಶಿಕ್ಷೆ ಅಮಾನತು ಮಾಡಿದ್ದರೂ ಅದು ಅಪೀಲ್ ಹಾಕೋವರೆಗಿನ ಗಡುವಿಗಷ್ಟೆ. ಅಪೀಲಿನ ಜೊತೆಗೇ ಸೆಷನ್ಸಲ್ಲಿ ಅಮಾನತು ಅರ್ಜಿ ಹಾಕಿ, ಆದೇಶದ ಪ್ರತಿಯನ್ನು ಕೆಳಕೋರ್ಟಿಗೆ ಮುಟ್ಟಿಸಬೇಕು. ‘ಅಪೀಲ್ ನಂಬರ್ ಆಯ್ತಲ್ಲ’ ಅಂತ ಸುಮ್ಮನಿದ್ದವರ ಮನೆಗೆ ವಾರಂಟ್ ಹೋಗಿದ್ದನ್ನು ಕಂಡಿದ್ದೇನೆ.

ಶೇ 20 ಬಂದಿದ್ದು 2018ರ ತಿದ್ದುಪಡಿಯಿಂದ, ಎನ್‌ಐ ಕಾಯ್ದೆ (ಚೆಕ್ ಬೌನ್ಸ್ ಕೇಸುಗಳ ಕಾನೂನು) ಕಲಂ 148. ನಿಮ್ಮ ಲೆಕ್ಕದಲ್ಲಿ ಕನಿಷ್ಠ 82,000 ರೂ. 60 ದಿನದೊಳಗೆ ಕಟ್ಟಬೇಕು, ಕಾರಣ ತೋರಿಸಿದರೆ ಇನ್ನೂ 30 ದಿನ ಸಿಗುತ್ತೆ. ಕಟ್ಟದಿದ್ದರೆ ಅಮಾನತು ರದ್ದಾಗಬಹುದು. ವಿಶೇಷ ಕಾರಣವಿದ್ದರೆ ವಿನಾಯಿತಿ ಕೊಡಬಹುದು ಅಂತ ಸುಪ್ರೀಂ ಕೋರ್ಟ್ 2023ರಲ್ಲಿ ಜಂಬೂ ಭಂಡಾರಿ ಪ್ರಕರಣದಲ್ಲಿ ಹೇಳಿದೆ. ಬರೀ ‘ದುಡ್ಡಿಲ್ಲ ಸ್ವಾಮಿ’ ಅಂದರೆ ಸಾಲದು. ಅಣ್ಣ ಖುಲಾಸೆಯಾದರೆ ಕಟ್ಟಿದ್ದು ಬಡ್ಡಿ ಸಮೇತ ವಾಪಸ್.

ಪ್ರಶ್ನೆ: ಅಣ್ಣ ಕಟಕಟೆ ಹತ್ತಿ ಸಾಕ್ಷಿ ಹೇಳಿಲ್ಲ ಮೇಡಂ. ಚೀಟಿ ಪುಸ್ತಕ ಮನೇಲೇ ಇದೆ. ಈಗ ಕೊಡಬಹುದಾ?

ಉತ್ತರ: ಕಷ್ಟ. ಹೆಚ್ಚುವರಿ ಸಾಕ್ಷ್ಯಕ್ಕೆ ಬಿಎನ್‌ಎಸ್‌ಎಸ್ ಕಲಂ 432 ಇದೆ, ಆದರೆ ಮೊದಲೇ ಯಾಕೆ ಹಾಜರುಪಡಿಸಲಿಲ್ಲ ಅಂತ ಕೇಳೇ ಕೇಳ್ತಾರೆ. ‘ಖಾಲಿ ಚೆಕ್ ಕೊಟ್ಟಿದ್ದೆ’ ಅನ್ನೋದೊಂದನ್ನೇ ನೆಚ್ಚಿಕೊಳ್ಳಬೇಡಿ. ಸಹಿ ಒಪ್ಪಿದರೆ ಸಾಲ ಇತ್ತು ಅಂತಲೇ ಕಾನೂನು ಭಾವಿಸುತ್ತೆ. ಅದನ್ನು ಅಲ್ಲಗಳೆಯೋ ಹೊಣೆ ಅಣ್ಣನದು. ಆದರೆ ಅದಕ್ಕೆ ಕಟಕಟೆ ಹತ್ತಲೇಬೇಕೆಂದಿಲ್ಲ.

ಫಿರ್ಯಾದಿಯ ಪಾಟೀಸವಾಲು ತೆಗೆದು ನಿಧಾನವಾಗಿ ಓದಿ. 4 ಲಕ್ಷ ಎಲ್ಲಿಂದ ತಂದೆ, ಬ್ಯಾಂಕಿಂದ ತೆಗೆದೆಯಾ, ಐಟಿ ರಿಟರ್ನ್‌ನಲ್ಲಿ ತೋರಿಸಿದ್ದೀಯಾ ಅಂತ ನಿಮ್ಮ ವಕೀಲರು ಕೇಳಿದ್ದಾರಾ? ಫಿರ್ಯಾದಿ ತಡವರಿಸಿದ್ದಾರಾ? ನಮ್ಮ ರಾಜ್ಯದಿಂದಲೇ ಸುಪ್ರೀಂ ಕೋರ್ಟಿಗೆ ಹೋದ ಬಸಲಿಂಗಪ್ಪ ಪ್ರಕರಣದಲ್ಲಿ (2019) ಸಾಲ ಕೊಡುವ ಶಕ್ತಿ ಇತ್ತೆಂದು ಫಿರ್ಯಾದಿ ತೋರಿಸಲಾಗದೆ ಆರೋಪಿ ಖುಲಾಸೆಯಾದ. ಚೀಟಿ ವ್ಯವಹಾರದ ಬಗ್ಗೆ ಒಂದು ಪ್ರಶ್ನೆಯೂ ಕೇಳಿಲ್ಲವಾದರೆ ಅಪೀಲಿನ ಬಲ ಅರ್ಧ ಕುಗ್ಗಿತು.

ಇನ್ನೊಬ್ಬರು: ಈ ಹಂತದಲ್ಲೂ ರಾಜಿ ಆಗಬಹುದಾ ಮೇಡಂ?

ಉತ್ತರ: ಧಾರಾಳವಾಗಿ, ಎನ್‌ಐ ಕಾಯ್ದೆ ಕಲಂ 147. ಆದರೆ ತಡವಾದಷ್ಟೂ ಖರ್ಚು. ಸೆಷನ್ಸ್ ಹಂತದಲ್ಲಿ ಚೆಕ್ ಮೊತ್ತದ ಶೇ 15 ವೆಚ್ಚ ಕಟ್ಟಬೇಕೆಂದು 2010ರಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು, 2025ರಲ್ಲಿ ಅದನ್ನೇ ಶೇ 7.5ಕ್ಕೆ ಇಳಿಸಿದೆ. 4 ಲಕ್ಷಕ್ಕೆ 30,000 ಆಯ್ತು. ಮಾತುಕತೆಗೆ ಕೂರುವಾಗ ಈ ಲೆಕ್ಕವನ್ನೂ ಸೇರಿಸಿಕೊಳ್ಳಿ.