ಕೊಚೀಸ್ ಪಾತ್ರ ಯಾರಿಗೆ, ಒದೆ ತಿನ್ನುವ ಪಾತ್ರ ಯಾರಿಗೆ?

ಹಳೇ ರೀಲು:
ಚಾರ್ಲ್ಸ್ ಸ್ಟೀವನ್ಸ್ ಹೆಸರು ಕೇಳಿದ್ದೀರಾ? 1893ರಲ್ಲಿ ಅರಿಜೋನಾದಲ್ಲಿ ಹುಟ್ಟಿದ, ಮೆಕ್ಸಿಕನ್ ಮತ್ತು ಅಪಾಚೆ (ಅಮೆರಿಕದ ಒಂದು ಮೂಲನಿವಾಸಿ ಬುಡಕಟ್ಟು) ಮೂಲದವರೆಂದು ಹೇಳಲಾಗುವ ನಟ. ಅಪಾಚೆ ಹೋರಾಟಗಾರ ಜೆರೊನಿಮೊನ ಮೊಮ್ಮಗ ಅಂತ ಪ್ರಚಾರ ಆಗಿತ್ತು, ಆ ಮಾತನ್ನು ಆಮೇಲೆ ಅಲ್ಲಗಳೆದವರೂ ಇದ್ದಾರೆ. ಮೂಕಿ ಕಾಲದಲ್ಲಿ ತಾರೆ ಡಗ್ಲಸ್ ಫೇರ್‌ಬ್ಯಾಂಕ್ಸ್ ಜೊತೆ ಶುರು ಮಾಡಿ ಟಿವಿಯ ವೆಸ್ಟರ್ನ್ (ಕೌಬಾಯ್) ಕಥೆಗಳವರೆಗೂ ಬಂದರು. 1946ರ 'ಮೈ ಡಾರ್ಲಿಂಗ್ ಕ್ಲೆಮೆಂಟೈನ್'ನಲ್ಲಿ ಇವರು ಕುಡಿದು ಗುಂಡು ಹಾರಿಸುವ ಇಂಡಿಯನ್, ಅಂದರೆ ಅಮೆರಿಕದ ಮೂಲನಿವಾಸಿ. ಕ್ಷೌರಕ್ಕೆ ಕೂತಿದ್ದ ನಾಯಕ ವಯಟ್ ಅರ್ಪ್ ಎದ್ದು ಹೋಗಿ, ಇವರ ಕಾಲು ಹಿಡಿದು ಹೆಂಡದಂಗಡಿಯಿಂದ ಹೊರಗೆ ಎಳೆದು ತರುತ್ತಾನೆ. ಆಮೇಲೆ ಒದ್ದು ಊರು ಬಿಡು ಅನ್ನುತ್ತಾನೆ. 1939ರಲ್ಲೂ ಅದೇ ಕಥೆಯ ಇನ್ನೊಂದು ಸಿನಿಮಾದಲ್ಲಿ ಅದೇ ಪಾತ್ರ ಇವರದೇ! ಇಂಥದ್ದನ್ನು ಒಪ್ಪಲೇಬಾರದಿತ್ತು ಅಂತ ನನಗನಿಸುತ್ತೆ.

ಸುಮಾ:
ಒಪ್ಪಬಾರದಿತ್ತು ಅನ್ನೋದು ಸುಲಭ ಸರ್. ಬೇರೆ ಯಾವ ಪಾತ್ರ ಕೊಡ್ತಿದ್ರು ಅವರಿಗೆ? ಅಪಾಚೆ ನಾಯಕ ಕೊಚೀಸ್‌ನ ಕಥೆ 1956ರಲ್ಲಿ ಟಿವಿ ಸರಣಿಯಾದಾಗ ಆ ಪಾತ್ರ ಸಿಕ್ಕಿದ್ದು ಸಿರಿಯಾದಲ್ಲಿ ಹುಟ್ಟಿದ ಮೈಕಲ್ ಅನ್ಸಾರಾಗೆ. 1959ರಲ್ಲಿ ಅಪಾಚೆ ಡೆಪ್ಯುಟಿ ಮಾರ್ಷಲ್‌ನ ಕಥೆ ಬಂತು. ಅದೂ ಅನ್ಸಾರಾಗೇ.

ದಾರಿಹೋಕ:
ನಟನೆ ಅಂದ ಮೇಲೆ ಯಾರು ಬೇಕಾದರೂ ಯಾರ ಪಾತ್ರವನ್ನಾದರೂ ಮಾಡಬಹುದು ಅಲ್ವಾ? ಅನ್ಸಾರಾ ಕೊಚೀಸ್‌ಗೆ ಒಂದು ಗಾಂಭೀರ್ಯ ಕೊಟ್ಟರು. ಅದನ್ನು ತಳ್ಳಿಹಾಕಬೇಡಿ.

ಸುಮಾ:
ಅನ್ಸಾರಾ ಮೇಲೆ ನನಗೆ ಸಿಟ್ಟಿಲ್ಲ. ಆದರೆ ಯಾರು ಬೇಕಾದರೂ ಅನ್ನೋದು ಒಂದೇ ಕಡೆಗೆ ಹರೀತಿತ್ತು. 1950ರ 'ಬ್ರೋಕನ್ ಆರೋ' ನೋಡಿ. ಬಿಳಿಯರ ಜೊತೆ ಶಾಂತಿಗೆ ಒಪ್ಪುವ ಕೊಚೀಸ್ ಆಗಿದ್ದು ಜೆಫ್ ಚಾಂಡ್ಲರ್, ಬ್ರೂಕ್ಲಿನ್‌ನ ಯಹೂದಿ ಕುಟುಂಬದವರು. ಆಸ್ಕರ್‌ಗೆ ಹೆಸರೂ ಬಂತು. ಶಾಂತಿ ಬೇಡ ಅಂತ ಎದ್ದು ಹೋಗುವ ಜೆರೊನಿಮೊ ಮಾತ್ರ ನಿಜವಾದ ಮೂಲನಿವಾಸಿ ನಟ, ಜೇ ಸಿಲ್ವರ್‌ಹೀಲ್ಸ್. ಅವರು ಅಪಾಚೆ ಅಲ್ಲ, ಕೆನಡಾದ ಮೊಹಾಕ್ ಬುಡಕಟ್ಟಿನವರು. 1952ರಲ್ಲೂ 1956ರಲ್ಲೂ ಬೇರೆ ಸಿನಿಮಾಗಳಲ್ಲಿ ಮತ್ತೆ ಜೆರೊನಿಮೊನೇ.

ಕುದುರೆಲಾಳ:
ಸಿಲ್ವರ್‌ಹೀಲ್ಸ್ ವಿಷಯ ಬಂತಲ್ಲ, ಸ್ವಲ್ಪ ಜಾಸ್ತಿ ಬರೀತೀನಿ. ಮನಸ್ಸಿಗೆ ತುಂಬ ಹತ್ತಿರದ ನಟ. ಮೊದಲು ಲಕ್ರಾಸ್ (ಬಲೆ ಕಟ್ಟಿದ ಕೋಲಿನಿಂದ ಆಡುವ ಚೆಂಡಾಟ) ಆಟಗಾರ, ಬಾಕ್ಸಿಂಗೂ ಆಡಿದ್ದರು. 1949ರಿಂದ 1957ರವರೆಗೆ 'ದಿ ಲೋನ್ ರೇಂಜರ್' ಟಿವಿ ಸರಣಿಯಲ್ಲಿ ಟಾಂಟೊ, ಮುಖವಾಡ ಹಾಕಿದ ನಾಯಕನ ಮೂಲನಿವಾಸಿ ಸಂಗಾತಿ. ಮಧ್ಯದಲ್ಲಿ ಕ್ಲೇಟನ್ ಮೂರ್ ಬದಲು ಜಾನ್ ಹಾರ್ಟ್ ನಾಯಕನಾದರು. ಮುಖವಾಡದೊಳಗಿನ ಮನುಷ್ಯ ಬದಲಾದರೂ ಪಕ್ಕದ ಕುದುರೆ ಮೇಲೆ ಇವರೇ. ಬಾಯಲ್ಲಿ ಹರಕುಮುರುಕು ಇಂಗ್ಲಿಷ್ ಇಟ್ಟಿದ್ದರು, ಇವರಿಗೋ ಇಂಗ್ಲಿಷ್ ಚೆನ್ನಾಗಿ ಬರುತ್ತಿತ್ತು. ಆ ಮಾತು ಆಡುವಾಗಲೂ ಮುಖ ನೋಡಿ: ನೆಟ್ಟಗೆ ಕೂತಿರುತ್ತಾರೆ, ಕಣ್ಣು ಎದುರಿನವನನ್ನು ಬಿಟ್ಟು ಅಲ್ಲಾಡಲ್ಲ. ನಾನು ಅವರನ್ನು ಮೆಚ್ಚಿದ್ದು ಅದಕ್ಕೇ.

ದಾರಿಹೋಕ:
ಹಾಗಾದರೆ ಸಣ್ಣ ಪಾತ್ರದಲ್ಲೂ ಏನೋ ಮಾಡಬಹುದಿತ್ತು ಅಂತಾಯಿತಲ್ಲ.

ಕುದುರೆಲಾಳ:
ಮಾಡಿದರು, ಆದರೆ ಅಷ್ಟಕ್ಕೇ ನಿಲ್ಲಲಿಲ್ಲ. 1960ರ ದಶಕದಲ್ಲಿ ಲಾಸ್ ಏಂಜಲೀಸ್‌ನಲ್ಲಿ ಮೂಲನಿವಾಸಿ ನಟರಿಗೆ ಒಂದು ಕಾರ್ಯಾಗಾರ ಕಟ್ಟಿದರು, ಇಂಡಿಯನ್ ಆಕ್ಟರ್ಸ್ ವರ್ಕ್‌ಶಾಪ್. ಮುಂದಿನವರು ಬರೀ ಕುದುರೆಯಿಂದ ಬೀಳೋಕೆ ಅಂತ ಬರಬಾರದಲ್ಲ. 1979ರಲ್ಲಿ ಹಾಲಿವುಡ್ ಫುಟ್‌ಪಾತಿನಲ್ಲಿ (ವಾಕ್ ಆಫ್ ಫೇಮ್) ಅವರ ಹೆಸರಿನ ನಕ್ಷತ್ರ ಕೂರಿಸಿದರು. ಮರುವರ್ಷ ಮಾರ್ಚಿನಲ್ಲಿ ತೀರಿಕೊಂಡರು.

ಹಳೇ ರೀಲು:
ಒಪ್ಪಬಾರದಿತ್ತು ಅನ್ನೋ ಮಾತು ವಾಪಸ್ ತಗೋತೀನಿ, ಸುಮಾ ಅವರೇ. ಆ ಮಾತನ್ನು ಪಾತ್ರ ಹಂಚಿದವರಿಗೆ ಕೇಳಬೇಕಿತ್ತು, ಸುಮ್ನೆ ಸ್ಟೀವನ್ಸ್‌ಗೆ ಕೇಳಿಬಿಟ್ಟೆ. ಆದರೆ ಆ ಹೆಂಡದಂಗಡಿ ದೃಶ್ಯ ಮಾತ್ರ ನನ್ನಿಂದ ಇನ್ನು ನೋಡೋಕಾಗಲ್ಲ. ಮಣ್ಣಲ್ಲಿ ಎಳೆಸಿಕೊಂಡು ಬರುವಾಗ ಅವರಿಗೆ ಐವತ್ತು ದಾಟಿತ್ತು.